ಗಡಿ ಸರಿದಾಗ ಅದರ ಪಕ್ಕದಲ್ಲಿ ಬದುಕುವವರ ಪಾಡೇನು? ಐರೋಪ್ಯ ಒಕ್ಕೂಟದ ವಿಸ್ತರಣೆಯ ಬಗ್ಗೆ

ತುಂಗಾತೀರ, ಶಿವಮೊಗ್ಗ

ಉಕ್ರೇನಿಗೆ ಐರೋಪ್ಯ ಒಕ್ಕೂಟದ ಸದಸ್ಯತ್ವ ಸಿಗುತ್ತದೆಯೋ ಇಲ್ಲವೋ ಎಂಬ ವಿಷಯ ನಮ್ಮಲ್ಲಿ ಯುದ್ಧದ ಸುದ್ದಿಯ ಕೊನೆಯ ಎರಡು ಸಾಲಿನಲ್ಲಿ ಬಂದು ಹೋಗುತ್ತದೆ. ಮೂವತ್ತು ವರ್ಷ ರಾಜ್ಯಶಾಸ್ತ್ರ ಪಾಠ ಹೇಳಿದ ನನಗೆ ಅದಷ್ಟೇ ಸಾಲದು ಅನ್ನಿಸಿ ಈ ಚರ್ಚೆಯನ್ನು ಆರಂಭಿಸುತ್ತಿದ್ದೇನೆ.

ನನ್ನ ಅಕ್ಕನ ಮಗ ಪೋಲೆಂಡಿನ ಲುಬ್ಲಿನ್‌ನಲ್ಲಿ ವೈದ್ಯಕೀಯ ಓದುತ್ತಿದ್ದಾನೆ. 2023ರ ನವೆಂಬರಿನಲ್ಲಿ ಪೋಲೆಂಡಿನ ಲಾರಿ ಮಾಲೀಕರು ಉಕ್ರೇನ್ ಕಡೆಯ ಗಡಿ ಠಾಣೆಗಳನ್ನು ತಡೆದು ಕೂತಾಗ, ಅವನು ಸ್ನೇಹಿತರ ಜೊತೆ ದೊರೊಹುಸ್ಕ್ ರಸ್ತೆಯಲ್ಲಿ ಹೋಗಿಬಂದು ನನಗೆ ಫೋನ್ ಮಾಡಿದ್ದ. ಕಿಲೋಮೀಟರುಗಟ್ಟಲೆ ಲಾರಿಗಳ ಸಾಲು, ಚಕ್ರದ ಮರೆಯಲ್ಲಿ ಗಾಳಿ ತಪ್ಪಿಸಿಕೊಂಡು ಸಣ್ಣ ಒಲೆ ಹಚ್ಚಿ ಸೂಪು ಕಾಯಿಸುತ್ತಿದ್ದ ಉಕ್ರೇನಿನ ಚಾಲಕರು. ಅವನು ಕೇಳಿದ ಪ್ರಶ್ನೆ ಇಷ್ಟೆ: "ಮಾವ, ಯುದ್ಧ ಶುರುವಾದಾಗ ಇದೇ ಊರಿನವರು ಇವರಿಗೆ ಮನೆಯ ಬಾಗಿಲು ತೆರೆದಿದ್ದರಲ್ಲ, ಈಗೇನಾಯಿತು?"

ಅವನಿಗೆ ಹೇಳಿದ್ದನ್ನೇ ಇಲ್ಲಿ ಬರೆಯುತ್ತೇನೆ. 1951ರಲ್ಲಿ ಆರು ದೇಶಗಳು ಕಲ್ಲಿದ್ದಲು ಮತ್ತು ಉಕ್ಕಿಗಾಗಿ ಮಾಡಿಕೊಂಡ ಒಪ್ಪಂದ ಇಂದು 27 ದೇಶಗಳ ಒಕ್ಕೂಟವಾಗಿದೆ. ಅದರ ಅತಿ ದೊಡ್ಡ ಹೆಜ್ಜೆ 2004ರ ಮೇ 1ರದು. ಅಂದು ಪೋಲೆಂಡ್, ಹಂಗೆರಿ, ಬಾಲ್ಟಿಕ್ ದೇಶಗಳೂ ಸೇರಿ ಹತ್ತು ದೇಶಗಳು ಒಟ್ಟಿಗೆ ಒಳಬಂದವು. ಆ ದಿನವನ್ನು ಎಲ್ಲರೂ ಗಡಿ ಅಳಿದ ದಿನವೆಂದು ಕೊಂಡಾಡುತ್ತಾರೆ. ಆದರೆ ಅದಕ್ಕೂ ಮೊದಲೇ, 2003ರ ಅಕ್ಟೋಬರ್ 1ರಿಂದ, ಒಕ್ಕೂಟದ ನಿಯಮಕ್ಕೆ ಹೊಂದಿಕೊಳ್ಳುವ ಸಲುವಾಗಿ ಪೋಲೆಂಡ್ ತನ್ನ ಪೂರ್ವದ ನೆರೆಯವರಾದ ಉಕ್ರೇನ್, ಬೆಲಾರೂಸ್, ರಷ್ಯಾಗಳಿಗೆ ವೀಸಾ ಜಾರಿಗೆ ತಂದಿತ್ತು. ಅಲ್ಲಿಯವರೆಗೆ ಬಸ್ಸು ಹತ್ತಿ ಆಚೆ ಊರಿನ ಸಂತೆಗೆ ಬರುತ್ತಿದ್ದವರು ಆಮೇಲೆ ದೂತಾವಾಸದ ಮುಂದೆ ಸರದಿ ನಿಲ್ಲಬೇಕಾಯಿತು. 2007ರ ಡಿಸೆಂಬರಿನಲ್ಲಿ ಪೋಲೆಂಡ್, ಒಳಗಡಿಗಳಲ್ಲಿ ತಪಾಸಣೆಯಿಲ್ಲದ ಷೆಂಗೆನ್ ವಲಯಕ್ಕೆ ಸೇರಿ ಜರ್ಮನಿಯ ಕಡೆಯ ತಪಾಸಣೆ ನಿಂತುಹೋದಾಗ ಉಕ್ರೇನಿನ ಕಡೆಯ ಗೇಟು ಇನ್ನಷ್ಟು ಬಿಗಿಯಾಯಿತು. ಗಡಿಯಿಂದ ಮೂವತ್ತು ಕಿಲೋಮೀಟರಿನೊಳಗಿನ ಹಳ್ಳಿಯವರಿಗೆ ವಿಶೇಷ ಪರವಾನಗಿ ಕೊಡುವ ವ್ಯವಸ್ಥೆ ಬಂದದ್ದು 2009ರಲ್ಲಿ, ಉಕ್ರೇನಿನವರಿಗೆಲ್ಲ ಅಲ್ಪಾವಧಿಯ ವೀಸಾರಹಿತ ಪ್ರವೇಶ ಸಿಕ್ಕಿದ್ದು 2017ರಲ್ಲಿ. ಒಳಗಿನ ಗಡಿ ಎಷ್ಟು ತೆಳುವಾಗುತ್ತದೆಯೋ ಹೊರಗಿನ ಗಡಿ ಅಷ್ಟೇ ದಪ್ಪವಾಗುತ್ತದೆ ಎಂಬುದು ನನ್ನ ವಾದ. ವಿಸ್ತರಣೆಯ ಲೆಕ್ಕ ಹಾಕುವಾಗ ಒಳಬಂದವರನ್ನು ಎಣಿಸುತ್ತೇವೆ. ಹೊಸ ಗೆರೆಯ ಆಚೆ ಉಳಿದವರ ಲೆಕ್ಕ ಯಾರ ಪುಸ್ತಕದಲ್ಲೂ ಇರುವುದಿಲ್ಲ. ಬಲ್ಲವರು ತಿದ್ದಬಹುದು.

ಮಂಡಗದ್ದೆ ಬೆಳೆಗಾರ, ತೀರ್ಥಹಳ್ಳಿ ತಾಲ್ಲೂಕು

ಮೇಷ್ಟ್ರೇ, ಆಚೆ ಉಳಿದವರ ಬಗ್ಗೆ ನೀವು ಹೇಳಿದ್ದು ಸರಿ. ಆದರೆ ಗೆರೆಯ ಈಚೆ ಇರುವ ರೈತನ ಮಾತನ್ನೂ ಕೇಳಬೇಕು. ಪೋಲೆಂಡಿನ ರೈತರು ಟ್ರ್ಯಾಕ್ಟರು ತಂದು ರಸ್ತೆಗೆ ಅಡ್ಡ ನಿಲ್ಲಿಸಿದ ಚಿತ್ರ ನೋಡಿದಾಗ ನನಗೆ ಆಶ್ಚರ್ಯವೇನೂ ಆಗಲಿಲ್ಲ.

2022ರಲ್ಲಿ ರಷ್ಯಾ ಕಪ್ಪು ಸಮುದ್ರದ ಬಂದರುಗಳಿಗೆ ತಡೆ ಒಡ್ಡಿದಾಗ ಒಕ್ಕೂಟವು ಉಕ್ರೇನಿನ ಸರಕಿನ ಮೇಲಿನ ಸುಂಕವನ್ನು ತೆಗೆದುಹಾಕಿ, ರೈಲು ಮತ್ತು ರಸ್ತೆಯ ಮೂಲಕ ಧಾನ್ಯ ಸಾಗಲು ದಾರಿ ಮಾಡಿಕೊಟ್ಟಿತು. ಉದ್ದೇಶ ಒಳ್ಳೆಯದೇ, ಆ ಗೋಧಿ, ಜೋಳ ಪೋಲೆಂಡನ್ನು ಹಾದು ದೂರದ ದೇಶಗಳಿಗೆ ಹೋಗಬೇಕಿತ್ತು. ಆದರೆ ಸಾಕಷ್ಟು ವ್ಯಾಗನ್ನು, ಬಂದರು ಸೌಕರ್ಯ ಇಲ್ಲದೆ ಒಂದಿಷ್ಟು ಅಲ್ಲೇ ಉಳಿದು ಸ್ಥಳೀಯ ಮಾರುಕಟ್ಟೆಗೆ ಇಳಿಯಿತು. 2023ರ ಏಪ್ರಿಲ್‌ನಲ್ಲಿ ಪೋಲೆಂಡ್, ಹಂಗೆರಿ, ಸ್ಲೊವಾಕಿಯಾ ತಾವಾಗಿಯೇ ಆಮದು ನಿಲ್ಲಿಸಿದವು. ವ್ಯಾಪಾರ ನೀತಿ ಒಕ್ಕೂಟದ ಅಧಿಕಾರಕ್ಕೆ ಸೇರಿದ್ದು, ಒಂದೊಂದು ದೇಶ ಹೀಗೆ ಮಾಡುವಂತಿಲ್ಲ ಎಂದು ಬ್ರಸೆಲ್ಸ್‌ನಲ್ಲಿರುವ ಒಕ್ಕೂಟದ ಆಡಳಿತ ಆಕ್ಷೇಪಿಸಿದರೂ, ಕೊನೆಗೆ ಅದೇ ಬ್ರಸೆಲ್ಸ್ ಐದು ಗಡಿ ದೇಶಗಳಿಗೆ ಅನ್ವಯಿಸುವ ತಾತ್ಕಾಲಿಕ ನಿರ್ಬಂಧ ಹೊರಡಿಸಬೇಕಾಯಿತು. ಸೆಪ್ಟೆಂಬರಿನಲ್ಲಿ ಅದರ ಅವಧಿ ಮುಗಿದ ಮೇಲೂ ಮೊದಲಿನ ಮೂರು ದೇಶಗಳು ತಮ್ಮ ನಿಷೇಧವನ್ನು ಬಿಡಲಿಲ್ಲ.

ನಮ್ಮದೇ ಉದಾಹರಣೆ ಹೇಳುತ್ತೇನೆ. 2022ರ ಸೆಪ್ಟೆಂಬರಿನಲ್ಲಿ ಭೂತಾನಿನಿಂದ ವರ್ಷಕ್ಕೆ 17,000 ಟನ್ ಹಸಿ ಅಡಿಕೆಯನ್ನು ಕನಿಷ್ಠ ಆಮದು ಬೆಲೆಯ ಷರತ್ತಿಲ್ಲದೆ ತರಿಸಿಕೊಳ್ಳಲು ಕೇಂದ್ರ ಸರ್ಕಾರ ಒಪ್ಪಿತು. ದೇಶದ ಒಟ್ಟು ಬೆಳೆಯ ಮುಂದೆ ಅದು ದೊಡ್ಡ ಪ್ರಮಾಣವಲ್ಲ, ಭೂತಾನಿನೊಡನೆ ಸ್ನೇಹ ಬೇಕು ಎಂಬುದೂ ಗೊತ್ತು. ಆದರೂ ಆ ವಾರ ಶಿವಮೊಗ್ಗದ ಮಂಡಿಯಲ್ಲಿ ನಾನು ಮೂಟೆ ಇಳಿಸಿ ನಿಂತಿದ್ದಾಗ ಖರೀದಿದಾರರು ಅಂಗೈಯಲ್ಲಿ 'ರಾಶಿ' ಬಗೆಯ ನಾಲ್ಕು ಅಡಿಕೆ ಹಿಡಿದು, ಒಂದನ್ನು ಅಡಕತ್ತರಿಯಲ್ಲಿ ಸೀಳಿ, ಒಳಗಿನ ಬಣ್ಣವನ್ನು ಬೇಕಾದ್ದಕ್ಕಿಂತ ಹೆಚ್ಚು ಹೊತ್ತು ನೋಡಿ, "ಆಚೆಯಿಂದ ಮಾಲು ಬರ್ತಿದೆಯಂತಲ್ಲ" ಎಂದರು. ಭೂತಾನಿನ ಒಂದು ಹಸಿ ಅಡಿಕೆಯೂ ಇನ್ನೂ ಇತ್ತ ಬಂದಿರಲಿಲ್ಲ. ಆ ಒಂದು ಮಾತಿಗೇ ನನ್ನ ಕ್ವಿಂಟಲ್ಲಿನ ಧಾರಣೆ ಇಳಿಯಿತು. ಮುಂದಿನ ಫೆಬ್ರುವರಿಯಲ್ಲಿ ಕನಿಷ್ಠ ಆಮದು ಬೆಲೆಯನ್ನು ಕಿಲೋಗೆ 351 ರೂಪಾಯಿಗೆ ಏರಿಸಿದಾಗ ಸ್ವಲ್ಪ ಉಸಿರು ಬಂತು.

ಉಕ್ರೇನಿನಲ್ಲಿ ಉಳುಮೆಯ ಭೂಮಿಯೇ ಮೂರು ಕೋಟಿ ಹೆಕ್ಟೇರಿಗೂ ಹೆಚ್ಚಿದೆ. ಒಕ್ಕೂಟದ ಬಜೆಟ್ಟಿನಲ್ಲಿ ಹೆಚ್ಚುಕಡಿಮೆ ಮೂರನೇ ಒಂದು ಭಾಗ ಕೃಷಿಗೆ ಹೋಗುತ್ತದೆ, ಅದರ ಬಹುಪಾಲು ಹೆಕ್ಟೇರಿನ ಲೆಕ್ಕದಲ್ಲಿ ಹಂಚಿಕೆಯಾಗುತ್ತದೆ. ಇಷ್ಟು ದೊಡ್ಡ ಪಂಕ್ತಿ ಹೊಸದಾಗಿ ಕೂತರೆ ಮೊದಲೇ ಕೂತವರ ಎಲೆಗೆ ಬೀಳುವುದು ಎಷ್ಟು? ರೈತ ದುಷ್ಟನಲ್ಲ, ಅವನಿಗೆ ಲೆಕ್ಕ ಬರುತ್ತದೆ.

ಸಾಗರದ ವಕೀಲೆ

ಇಬ್ಬರೂ ಜನರ ಕಡೆಯಿಂದ ನೋಡಿದಿರಿ. ನಾನು ಕಾಗದದ ಕಡೆಯಿಂದ ನೋಡುತ್ತೇನೆ, ಏಕೆಂದರೆ ಈ ವಿಸ್ತರಣೆ ಸಿಕ್ಕಿಹಾಕಿಕೊಂಡಿರುವುದು ಅಲ್ಲಿ.

ಒಕ್ಕೂಟದ ಮೂಲ ಒಪ್ಪಂದದ 49ನೇ ವಿಧಿಯ ಪ್ರಕಾರ ಹೊಸ ಸದಸ್ಯರನ್ನು ಸೇರಿಸಿಕೊಳ್ಳಲು ಸರ್ವಾನುಮತ ಬೇಕು. ಕೊನೆಯಲ್ಲಿ ಒಮ್ಮೆ ಮಾತ್ರವಲ್ಲ: ಅಭ್ಯರ್ಥಿ ಎಂದು ಒಪ್ಪುವಾಗ, ಮಾತುಕತೆ ಆರಂಭಿಸುವಾಗ, ಒಂದೊಂದು ಅಧ್ಯಾಯ (ಎಂದರೆ ಮಾತುಕತೆಯ ಒಂದೊಂದು ವಿಷಯ) ತೆರೆಯುವಾಗ, ಅದನ್ನು ಮುಚ್ಚುವಾಗ, ಪ್ರತಿಸಲವೂ 27 ಜನ ಹೂಂ ಎನ್ನಬೇಕು. ನಮ್ಮ ಮನೆಯ ಜಮೀನಿನ ಹಿಸ್ಸೆಗೆ ಎಂಟು ಪಾಲುದಾರರಲ್ಲಿ ಏಳು ಜನ ಸಹಿ ಹಾಕಿ, ಬೆಂಗಳೂರಿನಲ್ಲಿದ್ದ ಒಬ್ಬ ಚಿಕ್ಕಪ್ಪ ಬಾವಿಯ ದಾರಿಯ ಹಳೆಯ ಮುನಿಸಿಗಾಗಿ ಹನ್ನೊಂದು ವರ್ಷ ಸತಾಯಿಸಿದ್ದರು. ನಾನು ಕಾನೂನು ಓದಲು ಅದೂ ಒಂದು ಕಾರಣ.

ಉತ್ತರ ಮ್ಯಾಸಿಡೋನಿಯಾದ ಕಥೆ ಅದಕ್ಕಿಂತ ಬೇರೆಯಲ್ಲ. ಆಗ ಬರೀ ಮ್ಯಾಸಿಡೋನಿಯಾ ಎಂದು ಕರೆದುಕೊಳ್ಳುತ್ತಿದ್ದ ಆ ದೇಶ 2005ರಲ್ಲೇ ಅಭ್ಯರ್ಥಿಯಾಯಿತು. ತನ್ನ ಪ್ರಾಂತ್ಯವೊಂದರ ಹೆಸರೂ ಅದೇ ಎಂಬ ಕಾರಣಕ್ಕೆ ಗ್ರೀಸ್ ಅಡ್ಡ ನಿಂತಿತು. 2018ರಲ್ಲಿ ಪ್ರೆಸ್ಪಾ ಸರೋವರದ ದಡದಲ್ಲಿ ಒಪ್ಪಂದವಾಗಿ, ಮರುವರ್ಷ ಆ ದೇಶ 'ಉತ್ತರ' ಎಂದು ಸೇರಿಸಿ ತನ್ನ ಹೆಸರನ್ನೇ ಬದಲಿಸಿಕೊಂಡಿತು. ಒಂದು ಸ್ವತಂತ್ರ ದೇಶ ಬಾಗಿಲು ತೆರೆಯಲೆಂದು ಹೆಸರು ಬದಲಿಸುವುದು ಸಣ್ಣ ಮಾತಲ್ಲ. ಆಮೇಲೆ 2019ರ ಅಕ್ಟೋಬರಿನಲ್ಲಿ, ಸೇರ್ಪಡೆಯ ವಿಧಾನವೇ ಬದಲಾಗಬೇಕು ಎಂದು ಫ್ರಾನ್ಸ್ ತಡೆಯಿತು. 2020ರಲ್ಲಿ ಭಾಷೆ ಮತ್ತು ಇತಿಹಾಸದ ತಕರಾರು ತೆಗೆದು ಬಲ್ಗೇರಿಯಾ ತಡೆಯಿತು. 2022ರ ಜುಲೈನಲ್ಲಿ ಮಾತುಕತೆ ಆರಂಭವಾಯಿತೆಂದು ಹೇಳಲಾಯಿತಾದರೂ, ಸಂವಿಧಾನದಲ್ಲಿ ಬಲ್ಗೇರಿಯನ್ನರ ಉಲ್ಲೇಖ ಸೇರಿಸದ ಹೊರತು ಮುಂದಿನ ಹೆಜ್ಜೆಯಿಲ್ಲ ಎಂಬ ಷರತ್ತು ಜೊತೆಗೇ ಬಂತು. ಮೇಷ್ಟ್ರ ಗೆರೆಯ ಆಚೆ ಉಳಿದವರು ಎಂದರೆ ನನಗೆ ಮೊದಲು ನೆನಪಾಗುವುದು ಇವರು.

2023ರ ಡಿಸೆಂಬರಿನಲ್ಲಿ ಉಕ್ರೇನಿನೊಡನೆ ಮಾತುಕತೆ ಆರಂಭಿಸುವ ನಿರ್ಣಯ ಹೇಗಾಯಿತೆಂಬುದನ್ನೂ ನೋಡಿ. ವಿರೋಧಿಸುತ್ತಿದ್ದ ಹಂಗೆರಿಯ ಪ್ರಧಾನಿ ವಿಕ್ಟರ್ ಓರ್ಬಾನ್, ಜರ್ಮನಿಯ ಚಾನ್ಸಲರ್ ಓಲಾಫ್ ಶೋಲ್ಜ್ ಅವರ ಸಲಹೆಯಂತೆ ಸಭೆಯ ಕೊಠಡಿಯಿಂದ ಹೊರಗೆ ಹೋದರು. ಉಳಿದ 26 ಜನ ನಿರ್ಣಯ ಮಾಡಿದರು. ಗೈರುಹಾಜರಿ ಸರ್ವಾನುಮತವನ್ನು ಕೆಡಿಸುವುದಿಲ್ಲ ಎಂಬ ನಿಯಮ ಕೆಲಸಕ್ಕೆ ಬಂತು. ಕಾಫಿ ಕುಡಿಯಲು ಎದ್ದು ಹೋದ ಒಬ್ಬರಿಂದ ಒಂದು ಖಂಡದ ನಕ್ಷೆ ಮುಂದೆ ಸರಿಯಿತು.

ಹೊಸ ಓದುಗ, ಭದ್ರಾವತಿ

ಒಂದು ಸಂಶಯ. ನೇಟೋ ಮತ್ತು ಐರೋಪ್ಯ ಒಕ್ಕೂಟ ಎರಡೂ ಒಂದೇ ಅಲ್ಲವೇ? ರಷ್ಯಾದ ತಕರಾರು ಯಾವುದರ ಬಗ್ಗೆ?

ತುಂಗಾತೀರ, ಶಿವಮೊಗ್ಗ

ಎರಡೂ ಬೇರೆ. ನೇಟೋ ಸೇನಾ ಮೈತ್ರಿ, ಅದರಲ್ಲಿ ಅಮೆರಿಕವಿದೆ. ಒಕ್ಕೂಟವು ಮಾರುಕಟ್ಟೆ, ಕಾನೂನು, ಸಂಚಾರಗಳನ್ನು ಒಂದುಗೂಡಿಸುವ ರಾಜಕೀಯ ವ್ಯವಸ್ಥೆ. ಆಸ್ಟ್ರಿಯಾ, ಐರ್ಲೆಂಡ್, ಮಾಲ್ಟಾ, ಸೈಪ್ರಸ್ ಅದರಲ್ಲಿದ್ದೂ ನೇಟೋದಲ್ಲಿಲ್ಲ. ಒಕ್ಕೂಟದ ಒಪ್ಪಂದದಲ್ಲೂ ಆಕ್ರಮಣವಾದರೆ ನೆರವಾಗಬೇಕೆಂಬ ಮಾತಿದೆ, ಆದರೆ ಅದರ ಹಿಂದೆ ನೇಟೋದಂಥ ಸೇನಾ ವ್ಯವಸ್ಥೆ ಇಲ್ಲ. ರಷ್ಯಾ ಹೆಚ್ಚು ಗದ್ದಲ ಎಬ್ಬಿಸಿದ್ದು ನೇಟೋ ಬಗ್ಗೆ. ಆದರೂ 2013ರ ನವೆಂಬರಿನಲ್ಲಿ ಉಕ್ರೇನಿನ ಅಧ್ಯಕ್ಷ ಯಾನುಕೋವಿಚ್ ರಷ್ಯಾದ ಒತ್ತಡಕ್ಕೆ ಮಣಿದು ಕೈಬಿಟ್ಟದ್ದು ನೇಟೋ ಅರ್ಜಿಯನ್ನಲ್ಲ, ಐರೋಪ್ಯ ಒಕ್ಕೂಟದೊಡನೆ ಸಹಿಯಾಗಬೇಕಿದ್ದ ಸಹಯೋಗ ಒಪ್ಪಂದವನ್ನು. ಕೀವ್‌ನ ಚೌಕದಲ್ಲಿ ಜನ ಸೇರಿದ್ದು ಆ ಕಾರಣಕ್ಕೆ.

ನಗರದವನು, ಹೊಸನಗರ ತಾಲ್ಲೂಕು

ನಗರ ಎಂದರೆ ಸಿಟಿಯಲ್ಲ, ನಮ್ಮ ಹಳೆಯ ಬಿದನೂರು ಎಂದು ಮೊದಲೇ ಹೇಳಿಬಿಡುತ್ತೇನೆ; ಪ್ರತಿಸಲವೂ ಈ ಗೊಂದಲವಾಗುತ್ತದೆ.

ಮೇಷ್ಟ್ರು ಗಡಿಯನ್ನು ಬೇಲಿಯಂತೆ ಕಂಡರು. ರಾಜ್ಯಗಳ ದೃಷ್ಟಿಯಲ್ಲಿ ಗಡಿ ಎಂದರೆ ಮುಂದಿನ ನೆರೆಯವನು. ಹೈದರಾಲಿ 1763ರಲ್ಲಿ ಕೆಳದಿ ಅರಸರ ಬಿದನೂರನ್ನು ಗೆದ್ದಾಗ ಮೈಸೂರಿಗೆ ಖಜಾನೆಯೂ ಮಂಗಳೂರಿನ ಕರಾವಳಿಯೂ ಸಿಕ್ಕವು. ಆದರೆ ನಡುವೆ ಇದ್ದ ಕೆಳದಿ ರಾಜ್ಯ ಇಲ್ಲವಾದದ್ದರಿಂದ ಈ ಕಡೆಯಲ್ಲೂ ಮರಾಠರಿಗೆ ಮೈಸೂರೇ ನೇರ ಎದುರಾಯಿತು. ಮರುವರ್ಷವೇ ಪೇಶ್ವೆ ಮಾಧವರಾಯ ದಂಡೆತ್ತಿ ಬಂದ. ಈಗಿನ ನಮ್ಮೂರಿನ ಕೋಟೆಯ ಮೇಲೆ ಮಳೆಗಾಲದಲ್ಲಿ ನಿಂತರೆ ಮಂಜು ಬಿಟ್ಟು ಏನೂ ಕಾಣುವುದಿಲ್ಲವಾದರೂ, ಆ ಲೆಕ್ಕ ಸ್ಪಷ್ಟವಾಗಿ ಕಾಣುತ್ತದೆ.

ಒಕ್ಕೂಟ ಸೈನ್ಯ ಕಳಿಸಿ ಯಾರನ್ನೂ ಗೆದ್ದಿಲ್ಲ, ಅರ್ಜಿ ಹಾಕಿದವರನ್ನು ಸೇರಿಸಿಕೊಂಡಿದೆ. ಆ ವ್ಯತ್ಯಾಸ ದೊಡ್ಡದು, ನಾನು ಅದನ್ನು ಮರೆಯುತ್ತಿಲ್ಲ. ಆದರೂ ಉಕ್ರೇನ್ ಒಳಬಂದರೆ ಒಕ್ಕೂಟಕ್ಕೆ ರಷ್ಯಾದೊಡನೆ ಇರುವ ಗಡಿ ಬಹಳ ಉದ್ದವಾಗುತ್ತದೆ. ಈಗಾಗಲೇ ಫಿನ್ಲೆಂಡಿನದೇ 1,340 ಕಿಲೋಮೀಟರ್ ಇದೆ. ರಷ್ಯಾ ಕಡೆಯಿಂದ ಮೂರನೇ ದೇಶಗಳ ವಲಸಿಗರನ್ನು ಬೇಕೆಂದೇ ಕಳುಹಿಸಲಾಗುತ್ತಿದೆ ಎಂದು ಆ ದೇಶ 2023ರ ಕೊನೆಗೆ ತನ್ನ ಪೂರ್ವದ ಠಾಣೆಗಳನ್ನು ಮುಚ್ಚಿತು. ಬೆಲಾರೂಸ್ ಗಡಿಯಲ್ಲಿ ಪೋಲೆಂಡ್ 2022ರಲ್ಲಿ ಉಕ್ಕಿನ ತಡೆಗೋಡೆ ಕಟ್ಟಿತು.

ಹಾಗೆಂದು ಉಕ್ರೇನನ್ನು ಹೊರಗೇ ಇಡಿ ಎನ್ನಲಾರೆ. ಬಾಗಿಲು ತೆರೆದಿದೆ ಎಂದು ಹೇಳುತ್ತಲೇ ಒಳಗೆ ಬಿಡದಿರುವುದು ಎಲ್ಲಕ್ಕಿಂತ ಅಪಾಯ ಎಂಬುದು ನನ್ನ ಅಭಿಪ್ರಾಯ. ನಡುವೆ ನಿಂತವನಿಗೆ ಅತ್ತ ದರಿ, ಇತ್ತ ಪುಲಿ. 1987ರಲ್ಲಿ ಅರ್ಜಿ ಹಾಕಿದ ಟರ್ಕಿಗೆ 2005ರಲ್ಲಿ ಮಾತುಕತೆ ಆರಂಭವಾಗಿ, 2018ರ ಹೊತ್ತಿಗೆ ಅದೂ ನಿಂತುಹೋಯಿತು. ಕಾಯುವವನಿಗೆ ಇನ್ನು ಒಳಬರುವುದೇ ಇಲ್ಲವೆಂದು ಖಾತ್ರಿಯಾದ ದಿನ, ಸುಧಾರಣೆ ಮಾಡಿ ಎಂಬ ಬುದ್ಧಿಮಾತಿಗೆ ಬೆಲೆ ಉಳಿಯುವುದಿಲ್ಲ. ಇನ್ನೊಂದು ಕಡೆ ಮಾಲ್ಡೋವಾ 2024ರ ಅಕ್ಟೋಬರಿನಲ್ಲಿ ಜನಮತ ಕೇಳಿದಾಗ ಒಕ್ಕೂಟದ ಪರ ಗೆಲುವು ಬಂದದ್ದು ಕೂದಲೆಳೆಯ ಅಂತರದಲ್ಲಿ, ಅದೂ ಹೊರದೇಶದಲ್ಲಿ ದುಡಿಯುವ ಮಾಲ್ಡೋವನ್ನರ ಮತಗಳಿಂದ. ಮರು ತಿಂಗಳು ಜಾರ್ಜಿಯಾ ಸರ್ಕಾರ, 2028ರ ಕೊನೆಯವರೆಗೆ ಮಾತುಕತೆಯ ವಿಷಯವನ್ನೇ ಎತ್ತುವುದಿಲ್ಲ ಎಂದಿತು, ಜನ ಬೀದಿಗಿಳಿದರು.

ತುಮರಿ ಕಡೆಯವನು

ದೊಡ್ಡ ದೇಶಗಳ ಮಾತಿನ ನಡುವೆ ಒಂದು ಸೇತುವೆಯ ಕಥೆ ಹೇಳಲು ಅನುಮತಿ ಕೊಡಿ.

ಕ್ರೊವೇಷಿಯಾದ ದಕ್ಷಿಣ ತುದಿಯಲ್ಲಿರುವ ದುಬ್ರೊವ್ನಿಕ್ ಪ್ರದೇಶ ಉಳಿದ ದೇಶದಿಂದ ಕತ್ತರಿಸಿಹೋಗಿತ್ತು. ನಡುವೆ ನೆಯುಮ್ ಎಂಬ ಊರಿನ ಹತ್ತಿರ ಬೋಸ್ನಿಯಾದ ಕಿರಿದಾದ ಕಡಲತೀರ ಅಡ್ಡ ಬರುತ್ತದೆ. ಇದಕ್ಕೆ ಕಾರಣ 1699ರ ಕಾರ್ಲೊವಿಟ್ಸ್ ಒಪ್ಪಂದದ ಕಾಲದ್ದು. ವೆನಿಸ್‌ಗೆ ಹೆದರಿದ ದುಬ್ರೊವ್ನಿಕ್ ಗಣರಾಜ್ಯ, ತನ್ನ ಮತ್ತು ವೆನಿಸ್‌ನ ನೆಲದ ನಡುವೆ ಒಟ್ಟೊಮನ್ನರ ತುಂಡು ಇರಲಿ ಎಂದು ಆ ಜಾಗ ಬಿಟ್ಟುಕೊಟ್ಟಿತು. 2013ರಲ್ಲಿ ಕ್ರೊವೇಷಿಯಾ ಒಕ್ಕೂಟಕ್ಕೆ ಸೇರಿದಾಗ ಆ ಮುನ್ನೂರು ವರ್ಷದ ಗೆರೆ ಒಕ್ಕೂಟದ ಹೊರ ಗಡಿಯಾಯಿತು. ತನ್ನದೇ ದೇಶದ ಒಂದು ಊರಿನಿಂದ ಇನ್ನೊಂದಕ್ಕೆ ಹೋಗುವವನು ಕೆಲವೇ ಕಿಲೋಮೀಟರಿನಲ್ಲಿ ಎರಡು ಸಲ ಗುರುತಿನ ಚೀಟಿ ತೋರಿಸಬೇಕಿತ್ತು. ಕೊನೆಗೆ ಕೊಲ್ಲಿಯ ಮೇಲೆ 2.4 ಕಿಲೋಮೀಟರಿನ ಪೆಲ್ಯೆಶಾತ್ಸ್ ಸೇತುವೆ ಕಟ್ಟಿ 2022ರ ಜುಲೈನಲ್ಲಿ ತೆರೆದರು. ಒಕ್ಕೂಟ 35.7 ಕೋಟಿ ಯೂರೋ ಕೊಟ್ಟಿತು, ಕಟ್ಟಿದ್ದು ಚೀನಾದ ಕಂಪನಿ. ತನ್ನ ಹಡಗುಗಳಿಗೆ ದಾರಿ ಬೇಕೆಂದು ಬೋಸ್ನಿಯಾ ತಕರಾರು ತೆಗೆದಿದ್ದರಿಂದ ನೀರಿನಿಂದ 55 ಮೀಟರ್ ಎತ್ತರ ಬಿಡಲಾಯಿತು. ಐದು ತಿಂಗಳಲ್ಲಿ ಕ್ರೊವೇಷಿಯಾ ಷೆಂಗೆನ್ ಸೇರಿತು.

ಲಿಂಗನಮಕ್ಕಿಯ ನೀರು ನಿಂತ ಮೇಲೆ ನಮ್ಮ ಕಡೆಯವರು ಅರವತ್ತು ವರ್ಷ ಹೊಳೆಬಾಗಿಲಿನ ಲಾಂಚಿಗೆ ಕಾದವರು. ಗಡಿ ಎಂದು ಯಾರೂ ಹೇಳಲಿಲ್ಲ, ಆದರೆ ನಮಗೆ ಅದು ಗಡಿಯೇ. ಸಂಜೆಯ ಕೊನೆಯ ಲಾಂಚು ತಪ್ಪಿದರೆ ಹೆರಿಗೆ ನೋವಿನವಳಿಗೂ ಬೆಳಗಿನವರೆಗೆ ದಡವೇ ಗತಿ. ಬೇಸಗೆಯಲ್ಲಿ ನೀರು ಇಳಿದಾಗ ವಾಹನ ಹತ್ತಿಸುವಂತಿಲ್ಲ, ಜನ ಮಾತ್ರ. 2025ರ ಜುಲೈ 14ರಂದು ಸಿಗಂದೂರು ಸೇತುವೆ ಉದ್ಘಾಟನೆಯಾಯಿತು. ಅದೂ ಎರಡು ಕಿಲೋಮೀಟರಿಗೆ ಮೀರಿದ್ದು, ಅದೂ ಕೇಬಲ್ಲಿನಲ್ಲಿ ತೂಗುವಂಥದ್ದು. ಮೊದಲ ಸಲ ಬೈಕಿನಲ್ಲಿ ದಾಟಿದಾಗ, ಲಾಂಚಿನ ಕಬ್ಬಿಣದ ಹಲಗೆ ದಡಕ್ಕೆ ಬಡಿಯುವ ಸದ್ದಿಗಾಗಿ ನನ್ನ ಕಿವಿ ಕಾಯುತ್ತಿತ್ತು.

ನಾನು ಹೇಳಬೇಕೆಂದದ್ದು ಸೇತುವೆ ತೆರೆದ ಮೇಲಿನ ಮಾತು. ಹೊಳೆಬಾಗಿಲಿನಲ್ಲಿ ಲಾಂಚಿಗೆ ಕಾಯುವವರಿಗೆ ಚಹಾ, ಮಂಡಕ್ಕಿ ಮಾರುತ್ತಿದ್ದ ನನ್ನ ಪರಿಚಯದವರೊಬ್ಬರು ಈಗ ಅಂಗಡಿಯನ್ನು ಅರ್ಧ ಹೊತ್ತು ಮಾತ್ರ ತೆರೆಯುತ್ತಾರೆ. ಪ್ರವಾಸಿ ಬಸ್ಸುಗಳು ಅಗ್ಗದ ಸಾಮಾನಿಗೆಂದು ನಿಲ್ಲುತ್ತಿದ್ದ ನೆಯುಮ್‌ನ ಅಂಗಡಿಗಳೂ ಈಗ ಬಳಸುದಾರಿಯಲ್ಲಿ ಉಳಿದುಬಿಟ್ಟಿವೆ. ಸೇತುವೆ ಬೇಡವಿತ್ತು ಎಂದು ನಮ್ಮ ಚಹಾದವರೂ ಹೇಳುವುದಿಲ್ಲ. ಮೇಷ್ಟ್ರು ಕೇಳಿದ ಪ್ರಶ್ನೆಗೆ ಇದೂ ಒಂದು ಉತ್ತರ ಎಂದು ಬರೆದೆ.

ಸಾಗರದ ವಕೀಲೆ

ತುಮರಿಯವರೇ, ಬಹಳ ಚೆನ್ನಾಗಿ ಹೇಳಿದಿರಿ. ಗಡಿಯ ತಕರಾರು ಬಗೆಹರಿಯದೆ ಸೇರಿಸಿಕೊಂಡರೆ ಏನಾಗುತ್ತದೆ ಎಂಬುದಕ್ಕೆ ಸೈಪ್ರಸ್ ಇದೆ. 1974ರಿಂದ ಎರಡಾಗಿರುವ ಆ ದ್ವೀಪದಲ್ಲಿ, ಸೇರ್ಪಡೆಗೆ ಒಂದು ವಾರ ಮೊದಲು, 2004ರ ಏಪ್ರಿಲ್ 24ರಂದು ವಿಶ್ವಸಂಸ್ಥೆಯ ಏಕೀಕರಣ ಯೋಜನೆಗೆ ಜನಮತ ಕೇಳಲಾಯಿತು. ಉತ್ತರದ ತುರ್ಕಿ ಸೈಪ್ರಿಯಟರು ಒಪ್ಪಿದರು. ದಕ್ಷಿಣದ ಗ್ರೀಕ್ ಸೈಪ್ರಿಯಟರಲ್ಲಿ ನಾಲ್ಕರಲ್ಲಿ ಮೂರು ಪಾಲು ಜನ ತಿರಸ್ಕರಿಸಿದರು. ಬೇಡವೆಂದವರು ಸದಸ್ಯರಾದರು, ಬೇಕೆಂದವರು ಹೊರಗುಳಿದರು. ದ್ವೀಪವೆಲ್ಲ ಒಕ್ಕೂಟದ ನೆಲವೇ, ಆದರೆ ಎರಡು ಭಾಗಗಳ ನಡುವಿನ ಹಸಿರು ಗೆರೆಯ ಉತ್ತರಕ್ಕೆ ಅದರ ಕಾನೂನು ಅಮಾನತಿನಲ್ಲಿದೆ. ಅಂದಿನಿಂದ ಟರ್ಕಿಯ ಅರ್ಜಿಯ ಮೇಲೆ ಸೈಪ್ರಸ್ ಕೈಯಲ್ಲೂ ಒಂದು ವೀಟೊ ಇದೆ. ನೆಲದ ಒಂದು ಭಾಗ ಪರರ ವಶದಲ್ಲಿರುವಾಗಲೇ ಉಕ್ರೇನನ್ನು ಸೇರಿಸಬಹುದು ಎನ್ನುವವರು ಇದೇ ಉದಾಹರಣೆ ಕೊಡುತ್ತಾರೆ. ಬೇಡ ಎನ್ನುವವರೂ ಇದನ್ನೇ ಕೊಡುತ್ತಾರೆ.

ಮಂಡಗದ್ದೆ ಬೆಳೆಗಾರ, ತೀರ್ಥಹಳ್ಳಿ ತಾಲ್ಲೂಕು

ನನ್ನ ಎಲೆಯ ಪ್ರಶ್ನೆಗೆ ಯಾರೂ ಉತ್ತರ ಕೊಡಲಿಲ್ಲ.

ತುಂಗಾತೀರ, ಶಿವಮೊಗ್ಗ

ಕ್ಷಮಿಸಿ, ಅದು ಉಳಿದುಹೋಗಿತ್ತು. ಒಕ್ಕೂಟಕ್ಕೆ ಇದರಲ್ಲಿ ಅನುಭವವಿದೆ. 2004ರಲ್ಲಿ ಸೇರಿದ ದೇಶಗಳ ರೈತರಿಗೆ ಮೊದಲ ವರ್ಷ ಸಿಕ್ಕಿದ್ದು ಹಳೆಯ ಸದಸ್ಯರ ಮಟ್ಟದ ನೇರ ಸಹಾಯಧನದ ಕಾಲು ಭಾಗ ಮಾತ್ರ; ಅದು ಪೂರ್ತಿಯಾಗಲು 2013ರವರೆಗೆ ಕಾಯಬೇಕಾಯಿತು. ಕೆಲಸಕ್ಕೆಂದು ಬರುವವರನ್ನು ತಡೆಯಲು ಹಳೆಯ ಸದಸ್ಯರಿಗೆ ಏಳು ವರ್ಷದವರೆಗೆ ಅವಕಾಶವಿತ್ತು. ಜರ್ಮನಿ ಅದನ್ನು ಕೊನೆಯವರೆಗೂ ಬಳಸಿಕೊಂಡಿತು. ಉಕ್ರೇನಿಗೂ ಇಂಥ ದೀರ್ಘ ಮೆಟ್ಟಿಲುಗಳನ್ನೇ ಇಡುತ್ತಾರೆ ಎಂಬುದು ನನ್ನ ಊಹೆ. ಪಂಕ್ತಿಯಲ್ಲಿ ಕೂರಿಸುತ್ತಾರೆ, ಪಾಯಸ ಬಡಿಸುವುದು ಮಾತ್ರ ನಿಧಾನ.

ಮಂಡಗದ್ದೆ ಬೆಳೆಗಾರ, ತೀರ್ಥಹಳ್ಳಿ ತಾಲ್ಲೂಕು

ಹಾಗಾದರೆ ಇಂದು ಟ್ರ್ಯಾಕ್ಟರು ಅಡ್ಡ ನಿಲ್ಲಿಸಿದ ಪೋಲೆಂಡಿನವನೇ ಇಪ್ಪತ್ತು ವರ್ಷದ ಹಿಂದೆ ಕಾಲು ಪಾಲಿಗೆ ಒಪ್ಪಿ ಒಳಗೆ ಬಂದವನು. ಅವನನ್ನು ಕಂಡು ಆಗ ಯಾರಾದರೂ ಹೆದರಿದ್ದರೇ?

ತುಂಗಾತೀರ, ಶಿವಮೊಗ್ಗ

ಫ್ರಾನ್ಸಿನಲ್ಲಿ ಹೆದರಿದ್ದರು. 2005ರಲ್ಲಿ ಒಕ್ಕೂಟದ ಸಂವಿಧಾನದ ಬಗ್ಗೆ ಅಲ್ಲಿ ಜನಮತ ನಡೆದಾಗ, ಕಡಿಮೆ ಕೂಲಿಗೆ ಬಂದು ಕೆಲಸ ಕಸಿಯುವ "ಪೋಲೆಂಡಿನ ಪ್ಲಂಬರ್" ಎಂಬ ಗುಮ್ಮ ಮನೆಮನೆಯ ಮಾತಾಗಿತ್ತು. ಸಂವಿಧಾನ ಬಿದ್ದುಹೋಯಿತು. ಪೋಲೆಂಡಿನ ಪ್ರವಾಸೋದ್ಯಮ ಇಲಾಖೆ, ಚೆಂದದ ಯುವಕನಿಗೆ ಪ್ಲಂಬರಿನ ವೇಷ ಹಾಕಿ, ನಾನು ಇಲ್ಲೇ ಇರುತ್ತೇನೆ, ನೀವೇ ಬನ್ನಿ ಎಂದು ಜಾಹೀರಾತು ಕೊಟ್ಟಿತು.

ಮಂಡಗದ್ದೆ ಬೆಳೆಗಾರ, ತೀರ್ಥಹಳ್ಳಿ ತಾಲ್ಲೂಕು

ನಗು ಬಂತು. ನಿಮ್ಮ ಅಳಿಯ ಮುಂದಿನ ಸಲ ಆ ರಸ್ತೆಯಲ್ಲಿ ಹೋದರೆ ಟ್ರ್ಯಾಕ್ಟರಿನವನೊಬ್ಬನಿಗೆ ಆ ಕಾಲು ಪಾಲಿನ ವರ್ಷಗಳು ನೆನಪಿವೆಯೇ ಎಂದು ಕೇಳಿ ಬರಲು ಹೇಳಿ, ಮೇಷ್ಟ್ರೇ. ಅವನು ಕೊಡುವ ಉತ್ತರ ನನಗೆ ಬೇಕು.